ಕೊಂಡಿ ಹಾಕುವ ಮಂಗಳವಾರ

“ಇನ್ನೊಮ್ಮೆ ಓದ್ರಿ ಅಣ್ಣಾರ,” ಎಂದಳು ರತ್ನವ್ವ.

ತಲೆಯ ಮೇಲಿನ ಮಾಳಿಗೆಯ ಬೆಳಕಿಂಡಿಯಿಂದ ಬೀಳುತ್ತಿದ್ದ ಬಿಸಿಲಿಗೆ ಇನ್‌ಲ್ಯಾಂಡ್ ಪತ್ರ ಹಿಡಿದು ನಾನು ಮತ್ತೆ ಓದಿದೆ.

“‘ಪ್ರತಿ ಮಂಗಳವಾರ ಮಧ್ಯಾಹ್ನ ಒಂದರಿಂದ ನಾಲ್ಕರವರೆಗೆ ರತ್ನವ್ವನ ಮನೆಯಲ್ಲಿ ಮಗ್ಗದ ಸಪ್ಪಳ ಇರುವುದಿಲ್ಲ. ಮಂಗಳವಾರ ಕೊಂಡಿ ಹಾಕೂದೈತಿ ಎಂದು ಹುಡುಗಿಯೇ ಹೇಳಿದ್ದನ್ನು ಕಿವಿಯಾರೆ ಕೇಳಿದ್ದೇನೆ. ಮನೆಗೆ ಕೊಂಡಿ ಹಾಕಿ ಎಲ್ಲಿಗೆ ಹೋಗುತ್ತಾಳೆಂದು ಬೀಗರು ವಿಚಾರಿಸಿಕೊಳ್ಳಬೇಕು. ಇಂತಿ ನಿಮ್ಮ ಹಿತಚಿಂತಕ.’”

“ಉಳಿದ ಮೂರು?”

“ಅವೂ ಇದೇ ರಾಗ. ತಾರೀಖು ಅಷ್ಟ ಬ್ಯಾರೆ. ನಾಲ್ಕಕ್ಕ ನಾಲ್ಕೂ ಮಂಗಳವಾರ.”

ಅವಳ ಮಗಳು ಚೇತನಾ ಮನೆ ಬಿಟ್ಟು ಇವತ್ತಿಗೆ ಆರು ದಿನ. ಈ ಪತ್ರಗಳನ್ನು ಓದಿ ಹುನಗುಂದದ ಬೀಗರು ನಿಶ್ಚಯ ಮುರಿದಿದ್ದರು. ಚೇತನಾಳ ಅಣ್ಣ ಸೋಮಲಿಂಗ ಇಳಕಲ್ಲಿನ ಈ ಲಾಳಿ ಓಣಿಯ ನಡುವೆ ನಿಂತು, ‘ಅಕಿ ಸಿಕ್ಕ ದಿನಾನ ಅಕಿ ಕಡೀ ದಿನ’ ಎಂದು ಕೂಗಿದ್ದ. ಅವನಿಗಿಂತ ಮೊದಲು ನಾನು ಹುಡುಕುತ್ತೇನೆ ಎಂದು ಈ ತಾಯಿಗೆ ಮಾತು ಕೊಟ್ಟಿದ್ದೆ. ನಾನೆಂದರೆ ಹುಲ್ಲಪ್ಪ, ರಿಟೈರ್ಡ್ ಹವಾಲ್ದಾರ. ಠಾಣೆಗೆ ಹೋದರೆ ಓಣಿಗೆಲ್ಲ ಗೊತ್ತಾಗುತ್ತದೆ ಎಂದು ರತ್ನವ್ವ ನನ್ನ ಬಾಗಿಲಿಗೆ ಬಂದಿದ್ದಳು. ಓಣಿಗೆ ಗೊತ್ತಿಲ್ಲದ್ದು ಏನಾದರೂ ಉಳಿದಿತ್ತು ಎಂಬಂತೆ.

“ಅಣ್ಣಾರ, ಇವತ್ತ ಯಾವ ವಾರ?”

“ಮಂಗಳವಾರ.”

“ನನ್ನ ಮಗ್ಗ ಸಪ್ಪಳ ಮಾಡಾಕತ್ತೈತೇನ್ರಿ?”

ನಾನು ಅವಳ ಕೈ ನೋಡಿದೆ. ಕುಣಿಮಗ್ಗದ ಅಂಚಿಗೆ ಕುಳಿತು ಅವಳು ಸೀರೆಯ ಮೈಯ ಎಳೆಗೆ ಸೆರಗಿನ ಕೆಂಪು ರೇಷ್ಮೆ ಎಳೆಯನ್ನು ಕುಣಿಕೆ ಹಾಕಿ ಸೇರಿಸುತ್ತಿದ್ದಳು. ಒಂದಾದ ಮೇಲೆ ಒಂದು, ನೂರಾರು ಎಳೆ. ಲಾಳಿ ಮೂಲೆಯಲ್ಲಿ ಬಿದ್ದಿತ್ತು. ಸಪ್ಪಳ ಎಲ್ಲಿಂದ ಬರಬೇಕು?

“ಇದಕ್ಕ ಏನಂತಾರ ಗೊತ್ತೈತೇನ್ರಿ?” ಅವಳು ಒಂದು ಕುಣಿಕೆ ಎತ್ತಿ ತೋರಿಸಿದಳು. “ಕೊಂಡಿ. ಕೊಂಡಿ ಹಾಕೂದು ಅಂತಾರ. ಸೋಮವಾರ ಮಗ್ಗದಿಂದ ಸೀರಿ ಇಳಸ್ತೇವಿ, ಮಂಗಳವಾರ ಹೊಸಾ ಹಾಸಿನ ಎಳಿಗೆ ಕೊಂಡಿ ಹಾಕ್ತೇವಿ. ಒಬ್ಬಾಕಿನ ಕುಂತ್ರ ಮುಗಿಯಂಗಿಲ್ಲ. ಎದುರ ಕುಂತು ಒಬ್ಬಾಕಿ ಎಳಿ ಕೊಡಬೇಕು, ಒಬ್ಬಾಕಿ ಕುಣಿಕಿ ಹಾಕಬೇಕು. ಯಪ್ಪಾ ಶಿವನ… ಆ ಮೂರು ತಾಸೂ ನನ್ನ ಮಗಳು ನನ್ನ ಮಾರಿ ಮುಂದ ಕುಂತಿರ್ತಿದ್ಲ್ರಿ!”

ಹಾಳಾದ ನನ್ನ ತಲೆಗೆ ಆಗ ಬೆಳಕಾಯಿತು. ನಾನು ಮಗ್ಗದವನಲ್ಲ, ಕುರಿ ಕಾಯ್ದ ಮನೆತನ. ನನಗೆ ಕೊಂಡಿ ಎಂದರೆ ಬಾಗಿಲ ಕೊಂಡಿ. ಭಾನುವಾರ ಬೀಗರಿಂದ ಈ ಪತ್ರಗಳು ಕೈಗೆ ಸಿಕ್ಕಂದಿನಿಂದ ಎರಡು ದಿನ ಮಂಗಳವಾರದ ಬೆನ್ನು ಹತ್ತಿ ಬಸ್ ಸ್ಟ್ಯಾಂಡ್, ಟಾಕೀಸು, ಲೈಬ್ರರಿ ಎಲ್ಲ ಅಲೆದಿದ್ದೆ. ಕೊಂಡಿ ಹಾಕಿಕೊಂಡು ಹೋದ ಹುಡುಗಿಯನ್ನು ಯಾರಾದರೂ ನೋಡಿದಿರಾ ಎಂದು ಕೇಳಿದ್ದೆ. ಮೂವತ್ತೊಂದು ವರ್ಷ ಖಾಕಿ ತೊಟ್ಟವನು ನಾನು! ಥೂ.

“ನನಗ ಮೊದಲ ಯಾಕ ಹೇಳಲಿಲ್ಲ ತಂಗೀ?”

“ನನಗ ಯಾರು ಓದಿ ಹೇಳ್ಯಾರ್ರಿ? ಬೀಗರು ಸೋಮಲಿಂಗಗ ಹೇಳಿದ್ರು. ಅಂವ ಬಂದಾಂವನ ಅಕಿ ಕಪಾಳಕ್ಕ ಹೊಡದ. ‘ಮಂಗಳವಾರ ಎಲ್ಲಿಗೆ ಹೋಗಿದ್ದೆಲೇ’ ಅಂದ. ಅಕಿ ‘ಎಲ್ಲಿಗೂ ಹೋಗಿಲ್ಲ’ ಅಂದ್ಲು. ಸುಳ್ಳ ಹೇಳ್ತಾಳ ಅಂತ ಮತ್ತ ಹೊಡದ.”

“ಈಗ ಎಲ್ಲಿದ್ದಾನ ಅಂವ?”

“ಶೆಡ್ಡಿಗೆ ಹೋಗ್ಯಾನ್ರಿ, ಪಾವರ್‌ಲೂಮಿಗೆ. ಕೈಮಗ್ಗದ ಗೊಡವಿ ಅವಗ ಎಲ್ಲೈತಿ?”

ನಾನು ಎದ್ದು ನಿಂತೆ. ಕನ್ನಡಕ ಜಾರಿತು, ಕೊರಳಿನ ದಾರ ಅದನ್ನು ಹಿಡಿಯಿತು. ಸೆರಗಿನಲ್ಲಿ ಉಳಿದ ಕೆಂಪು ರೇಷ್ಮೆ ಹೊಸೆದು ಆ ದಾರ ಮಾಡಿ ಕೊಟ್ಟವಳು ಚೇತನಾ. ‘ಕಾಕಾ, ನೀವು ಕನ್ನಡಕ ಹುಡುಕೂದ್ರಾಗ ಕಳ್ಳ ಓಡಿ ಹೋಗ್ತಾನ’ ಎಂದು ನಕ್ಕಿದ್ದಳು. ಹಿಂದೊಮ್ಮೆ ಸೋಮಲಿಂಗ ಕೈ ಎತ್ತಿದಾಗ ನಡುವೆ ಹೋಗಿ ನಿಂತವನು ನಾನು. ‘ಏನರ ಆದ್ರ ನನ್ನ ಹತ್ರ ಬಾ ಮಗಳ’ ಎಂದಿದ್ದೆ. ಮನೆ ಬಿಟ್ಟ ದಿನ ಅವಳು ನನ್ನ ಹತ್ತಿರ ಬರಲಿಲ್ಲ. ಅದು ನನ್ನನ್ನು ಆರು ದಿನದಿಂದ ತಿನ್ನುತ್ತಿತ್ತು.

“ಕೇಳು ರತ್ನವ್ವ,” ಎಂದೆ, ಠಾಣೆಯಲ್ಲಿ ಮಾತಾಡುವ ಗಟ್ಟಿ ದನಿಯಲ್ಲಿ. “ಈ ಪತ್ರ ಬರದಾಂವ ಕೈಮಗ್ಗದ ಕೆಲಸ ಗೊತ್ತಿಲ್ಲದಾಂವ. ಕೊಂಡಿ ಅಂದ್ರ ಬಾಗಲಾ ಅಂತ ತಿಳದಾಂವ. ನಿಮ್ಮನಿ ಸಪ್ಪಳ ದಿನಾ ಅವನ ಕಿವಿಗೆ ಬೀಳ್ತೈತಿ. ಎದುರಿನ ಫೋನ್ ಬೂತಿನ ಹೊಳಬಸಪ್ಪನ್ನ ಬಿಟ್ಟು ಅಂಥಾಂವ ಯಾರದಾನ? ಪತ್ರ ಬರದಾಂವ ಫೋನ್ ನಂಬರೂ ಬರಕೊಂಡಿರ್ತಾನ. ಚೇತನಾ ಯಾರಿಗೆ ಫೋನ್ ಮಾಡ್ತಿದ್ಲು, ಎಲ್ಲಿಗೆ ಹೋಗಿರ್ಬೇಕು ಅನ್ನೂದು ಅಲ್ಲೇ ಐತಿ.”

ಬೆಳಕಿಂಡಿಯಿಂದ ಒಂದು ಹಿಡಿ ಮಣ್ಣು ನನ್ನ ಹೆಗಲ ಮೇಲೆ ಉದುರಿತು.

“ಮಂಗ್ಯಾ ಇರಬೇಕ್ರಿ,” ಎಂದಳು ರತ್ನವ್ವ. “ಮಾಳಿಗಿ ಮ್ಯಾಲ ಮೆಣಸಿನಕಾಯಿ ಒಣ ಹಾಕೇನಿ.”

ನಾನು ಹೆಗಲು ಜಾಡಿಸಿಕೊಂಡು ಹೊರಬಿದ್ದೆ.

ನೇರವಾಗಿ ಎದುರಿನ ಬೂತಿಗೆ ಹೋಗಿದ್ದರೆ ಹತ್ತು ಹೆಜ್ಜೆ. ಆದರೆ ಪುರಾವೆ ಇಲ್ಲದೆ ಯಾರ ಮೈಮೇಲೂ ಹೋಗಬಾರದೆಂಬ ಹಳೇ ಚಾಳಿ ನನ್ನದು. ಬಜಾರಿನ ಯಾಕೂಬಸಾಬನ ಸ್ಟೇಷನರಿ ಅಂಗಡಿಗೆ ಹೋದೆ. ಅವನು ನಮಾಜಿಗೆ ಹೋಗಿದ್ದ. ಕಾಯುತ್ತ ಕುಳಿತೆ. ಒಂದು ತಾಸು ಆಯಿತು.

“ಇನ್‌ಲ್ಯಾಂಡೇನ್ರಿ?” ಎಂದ ಯಾಕೂಬಸಾಬ ಬಂದ ಮೇಲೆ. “ಈಗ ಯಾರು ಒಯ್ತಾರ್ರಿ ಅದನ್ನ? ನಿಮ್ಮ ಓಣಿ ಹೊಳಬಸಪ್ಪ ಒಬ್ಬನ. ತಿಂಗಳಿಗೆ ಡಜನ್. ಫೋನ್ ಇದ್ದಾಂವಗ ಪತ್ರ ಯಾಕೋ ಅಂತ ನಾನೂ ಕೇಳಿದ್ನಿ. ಬೀಗರು ಭಾಳ ಅದಾರ ಅಂದ.”

ತಿಂಗಳಿಗೆ ಡಜನ್. ಅಂದರೆ ಚೇತನಾ ಒಬ್ಬಳದಲ್ಲ.

ಹೊಳಬಸಪ್ಪನ ಬೂತು ಓಣಿಯ ಬಾಯಿಗೆ. ಹಳದಿ ಬೋರ್ಡು, ಒಳಗೆ ಒಬ್ಬರು ನಿಲ್ಲುವಷ್ಟು ಗಾಜಿನ ಡಬ್ಬಿ, ಡಬ್ಬಿಯೊಳಗೆ ಫೋನು, ಮೇಲೆ ಓಡುವ ಕೆಂಪು ಅಂಕಿ. ಅವನ ಕುರ್ಚಿ ಗೋಡೆಗೆ ಬೆನ್ನು ಮಾಡಿತ್ತು. ಅಲ್ಲಿ ಕುಳಿತರೆ ಒಂದು ಕಡೆ ಡಬ್ಬಿಯೊಳಗಿನವರ ಮುಖ, ಇನ್ನೊಂದು ಕಡೆ ಓಣಿಯ ಆರು ಬಾಗಿಲು. ಎಷ್ಟು ಸಲ ಇಲ್ಲಿ ಚಹಾ ಕುಡಿದಿದ್ದೇನೆ, ಆ ಕುರ್ಚಿ ಯಾಕೆ ಹಾಗಿದೆ ಎಂದು ಒಂದು ಸಲವೂ ಯೋಚಿಸಿರಲಿಲ್ಲ.

“ಬರ್ರಿ ಹವಾಲ್ದಾರ್ರ! ಚಾ ತರಸ್ಲೇನು?”

ನಾನು ನಾಲ್ಕು ಪತ್ರಗಳನ್ನು ಅವನ ಮೇಜಿನ ಮೇಲೆ ಹರವಿದೆ.

ಅವನು ನೋಡಿದ. ಹೆದರಲಿಲ್ಲ. ಕಳ್ಳ ಸಿಕ್ಕಿಬಿದ್ದಾಗ ಮುಖದ ಬಣ್ಣ ಹೇಗೆ ಇಳಿಯುತ್ತದೆ ಎಂಬುದು ನನಗೆ ಚೆನ್ನಾಗಿ ಗೊತ್ತು. ಇವನ ಬಣ್ಣ ಇಳಿಯಲಿಲ್ಲ. ಇವನು ನಾಚಿಕೊಂಡ, ಹೊಗಳಿದರೆ ನಾಚಿಕೊಳ್ಳುವ ಹಾಗೆ.

“ನಾನ ಬರದೇನ್ರಿ,” ಎಂದ. “ಹೆಸರ ಹಾಕಿಲ್ಲ. ದೊಡ್ಡಸ್ತಿಕಿ ಯಾಕಂತ.”

“ಹೊಳಬಸಪ್ಪ, ಕೊಂಡಿ ಅಂದ್ರೇನು?”

“ಕೊಂಡಿ?” ಅವನು ಬಾಗಿಲ ಕಡೆ ಕೈ ತೋರಿಸಿದ. “ಅದ ಅಲ್ರಿ? ಬಾಗಲ ಕೊಂಡಿ. ಅಕಿ ಇಲ್ಲೇ ಕಟ್ಟಿ ಮ್ಯಾಲ ನಿಂತು ಬಾಜೂಮನಿ ಇಂದ್ರವ್ವಗ ಹೇಳಿದ್ಲು, ‘ಮಂಗಳವಾರ ಬರಾಕ ಆಗಂಗಿಲ್ಲ, ಕೊಂಡಿ ಹಾಕೂದೈತಿ’ ಅಂತ. ಅವತ್ತಿಂದ ನಾ ಲಕ್ಷ್ಯ ಇಟ್ಟೆ. ಖರೇನ, ಮಂಗಳವಾರ ಸಪ್ಪಳಾನ ಇಲ್ಲ!”

“ಎದ್ದು ಹೋಗಿ ಬಾಗಲಾ ನೋಡಿದ್ಯಾ?”

“ಹೆಣ್ಮಕ್ಕಳಿದ್ದ ಮನಿ ಬಾಗಲಕ್ಕ ಹೋಗಿ ನಿಂದ್ರೂದು ಚಂದ ಕಾಣ್ತೈತೇನ್ರಿ?”

ಅಬ್ಬಾ ಮರ್ಯಾದೆಯೇ! ಇವನು ರಾಮಥಾಳದ ಒಕ್ಕಲು ಮನೆಯಿಂದ ಈ ಓಣಿಗೆ ಅಳಿಯನಾಗಿ ಬಂದು ಎಂಟು ವರ್ಷ. ಎಂಟು ವರ್ಷ ಆ ಮಗ್ಗದ ಸಪ್ಪಳಕ್ಕೆ ಕಿವಿ ಕೊಟ್ಟು ಕುಳಿತವನು, ಮಂಗಳವಾರ ಯಾಕೆ ಸುಮ್ಮನಿರುತ್ತದೆ ಎಂದು ಬಾಯಿಬಿಟ್ಟು ಒಮ್ಮೆ ಕೇಳಿದ್ದರೆ ಮುಗಿಯುತ್ತಿತ್ತು. ನಾನು ಅವನಿಗೆ ಕೊಂಡಿ ಎಂದರೇನೆಂದು ಬಿಡಿಸಿ ಹೇಳಿದೆ. ಎಳೆ, ಕುಣಿಕೆ, ಎದುರು ಬದುರು ಕುಳಿತ ತಾಯಿ ಮಗಳು, ಎಲ್ಲ.

ಅವನು ಕೇಳಿಸಿಕೊಂಡ. ತಲೆ ಕೆರೆದುಕೊಂಡ.

“ಹಂಗಾದ್ರ ಮಂಗಳವಾರದ್ದು ತಪ್ಪಾತು ಬಿಡ್ರಿ,” ಎಂದ. “ಆದ್ರ ಅಕಿ ಮಾಡಿದ ಫೋನಿಂದು ಸುಳ್ಳಲ್ಲ. ಅದು ವಹಿಯಾಗ ಐತಿ.”

ಮೇಜಿನ ಖಾನೆ ಎಳೆದು ಕೆಂಪು ಬಟ್ಟೆಯ ಬೈಂಡಿನ ಉದ್ದ ವಹಿ ತೆಗೆದ. ಮೂಲೆಗಳು ಸವೆದಿದ್ದವು. ಒಬ್ಬೊಬ್ಬ ಹೆಂಗಸಿಗೆ ಒಂದೊಂದು ಪುಟ. ನಾನು ತಿರುವಿದೆ.

‘ಇಂದ್ರವ್ವ. ಸೊಲ್ಲಾಪುರ. ಎರಡು ನಿಮಿಷ. ಹೆದರಿದ್ದಳು.’

‘ಶಾರವ್ವ. ನಂಬರು ಒತ್ತಿದಳು, ಮಾತಾಡದೆ ಇಟ್ಟಳು. ಮೂರು ಸಲ.’

‘ಚೇತನಾ. ಕೆರೂರ. ಹನ್ನೊಂದು ನಿಮಿಷ. ನಕ್ಕಳು.’

‘ಚೇತನಾ. ಕೆರೂರ, ಅದೇ ನಂಬರು. ಒಂಬತ್ತು ನಿಮಿಷ. ಬಾಯಿಗೆ ಓಡಣಿ ಹಿಡಿದು ನಕ್ಕಳು.’

‘ಚೇತನಾ. ಕೆರೂರ. ನಾಲ್ಕು ನಿಮಿಷ. ಅತ್ತಳು.’

ಕೊನೆಯದು ಹೋದ ಬುಧವಾರ, ಅವಳು ಮನೆ ಬಿಟ್ಟ ದಿನ.

“ಏನು ಮಾತಾಡ್ತಿದ್ಲು?”

“ಕಾಜಿನ ಒಳಗಿನ ಮಾತು ಹೊರಗ ಕೇಳ್ಸಂಗಿಲ್ರಿ. ಮಾರಿ ಅಷ್ಟ ಕಾಣ್ತೈತಿ.”

“ಆ ಕಡಿ ಯಾರಿದ್ರು? ಗಂಡಸೋ ಹೆಂಗಸೋ?”

“ಅದು ಗೊತ್ತಾಗಂಗಿಲ್ರಿ. ಆದ್ರ ಹನ್ನೊಂದು ನಿಮಿಷ ನಕ್ಕಾಳಂದ್ರ…” ಅವನು ಮಾತು ಪೂರ್ತಿ ಮಾಡಲಿಲ್ಲ. ಪೂರ್ತಿ ಮಾಡುವುದು ಕೇಳಿದವರ ಕೆಲಸ, ಹಾಗೆ ನೋಡಿದ.

ನಾನು ವಹಿಯ ಮೇಲೆ ಕೈ ಬಡಿದೆ. “ನಗೂದು ಯಾವ ಕಲಮಿನ್ಯಾಗ ಬರ್ತೈತಿ ಲೇ? ಹೇಳು. ನನಗ ಎಲ್ಲಾ ಕಲಂ ಬಾಯಿಪಾಠ ಅದಾವ. ನಕ್ಕಿದ್ದಕ್ಕ ಎಷ್ಟು ವರ್ಷ ಶಿಕ್ಷಾ?”

“ನನ್ನ ಮ್ಯಾಲ ಯಾಕ ಸಿಟ್ಟಾಗ್ತೀರಿ ಸಾಹೇಬ್ರ? ನಾ ಬರೇ ಬರದೇನಿ. ಕೇಳಾಕ ಬಂದವರು ಯಾರು? ಅತ್ತಿ ಸೊಸಿದು ಕೇಳ್ತಾಳ, ಗಂಡ ಹೆಂಡ್ತೀದು ಕೇಳ್ತಾನ. ಬೀಗತನ ಮಾಡೋರು ಊರೂರಿಂದ ಬರ್ತಾರ, ‘ಹುಡುಗಿ ಹೆಂಗಪಾ’ ಅಂತಾರ. ನಿಮ್ಮ ರತ್ನವ್ವನೂ ಬಂದಿದ್ಲು. ‘ನನ್ನ ಮಗಳು ಎಷ್ಟೊತ್ತು ಮಾತಾಡ್ತಾಳೋ ತಮ್ಮಾ’ ಅಂತ ಇಲ್ಲೇ ನಿಂತು ಕೇಳ್ಯಾಳ. ಈ ಓಣ್ಯಾಗ ಕೇಳಲಾರದವರು ಒಬ್ಬರನ್ನ ತೋರಸ್ರಿ.”

ನಾನು ತೆರೆದ ಬಾಗಿಲಿನಿಂದ ಎದುರು ಮನೆಯ ಕಡೆ ನೋಡಿದೆ. ರತ್ನವ್ವ ಒಳಗೆ ಒಬ್ಬಳೇ ಎಳೆ ಕೂಡಿಸುತ್ತಿದ್ದಳು. ಅವಳು ಇದನ್ನು ನನಗೆ ಹೇಳಿರಲಿಲ್ಲ. ಅವಳ ಮೇಲೆ ಸಿಟ್ಟು ಬಂತು, ಅಯ್ಯೋ ಪಾಪ ಎಂದೂ ಅನ್ನಿಸಿತು. ಮಗಳ ಬಗ್ಗೆ ಮಗಳನ್ನೇ ಕೇಳಬಹುದಿತ್ತಲ್ಲ.

“ಈ ಹೊಲಸು ಕೆಲಸ ನಿನಗ ಯಾರು ಹಚ್ಚಿದ್ರು?” ಎಂದೆ.

ಹೊಳಬಸಪ್ಪ ನನ್ನ ಮುಖವನ್ನು ವಿಚಿತ್ರವಾಗಿ ನೋಡಿದ. ನಾನು ಚೇಷ್ಟೆ ಮಾಡುತ್ತಿದ್ದೇನೆಂದು ತಿಳಿದಿರಬೇಕು. ವಹಿಯನ್ನು ತನ್ನ ಕಡೆ ತಿರುಗಿಸಿಕೊಂಡು, ಮೊದಲ ಪುಟ ತೆರೆದು, ಮತ್ತೆ ನನ್ನ ಮುಂದೆ ಇಟ್ಟ.

‘ಪರಿಶೀಲಿಸಿದೆ. ೧೪-೮-೧೯೯೭.’ ಕೆಳಗೆ ಬಾಲ ಎಳೆದ ಸಹಿ. ನನ್ನದು.

“ನೂಲಿನ ಕಳವಿನ ಕೇಸು,” ಎಂದ. “ನೀವ ಅಲ್ರಿ ಹೇಳಿದ್ದು, ಯಾರ್ಯಾರು ಎಲ್ಲೆಲ್ಲಿಗೆ ಫೋನ್ ಮಾಡ್ತಾರ ಬರಕೊಂಡಿಡು ಅಂತ? ಈ ವಹೀನೂ ನೀವ ತಂದು ಕೊಟ್ಟಿದ್ರಿ.”

ಸಹಿಯ ಮೇಲೆ ಬೆರಳಾಡಿಸಿದೆ. ಹೌದು. ಗುಡೂರ ಕಡೆಯ ಇಬ್ಬರು ಕಳ್ಳರು ಈ ಬೂತಿನ ನಂಬರಿನಿಂದಲೇ ಸಿಕ್ಕಿದ್ದರು. ನನಗೆ ಇನಾಮು ಬಂದಿತ್ತು.

“ಕಳ್ಳರು ಸಿಕ್ಕ ಮ್ಯಾಲ ನಿಲ್ಲಸಬೇಕಿತ್ತಲ್ಲೋ!”

“ಕೇಳಿದ್ನಲ್ರಿ. ಇದ ಬಾಕಿನ ಮ್ಯಾಲ ಕುಂತು ಚಾ ಕುಡಿಯಾಕತ್ತಿದ್ರಿ. ‘ನಿಲ್ಲಸ್ಲೇನ್ರಿ’ ಅಂದೆ. ನೀವು ಅಂದ್ರಿ, ‘ಇರಲಿ, ಬರೀತಿರು. ಹೆಣ್ಮಕ್ಕಳ ಮ್ಯಾಲ ಒಂದು ಕಣ್ಣಿರಲಿ.’ ನೀವು ಹೇಳಿದ ಮಾತು ಮೀರಿಲ್ರಿ ನಾ.”

ಆ ಮಾತು ಆಡಿದ್ದು ನನಗೆ ನೆನಪಿರಲಿಲ್ಲ. ಆದರೆ ಅದು ನನ್ನದೇ ಮಾತು. ಆಗ ಅಂಥ ಮಾತನ್ನು ನಾನು ದಿನಕ್ಕೆ ಹತ್ತು ಸಲ ಆಡುತ್ತಿದ್ದೆ, ಬಾಯಲ್ಲಿ ಬಿಸ್ಕೀಟು ಇಟ್ಟುಕೊಂಡು. ಐದು ವರ್ಷ ಈ ಮನುಷ್ಯ ಅದನ್ನು ಆರ್ಡರ್ ಎಂದು ಪಾಲಿಸಿದ್ದ. ಬೆಂಚಿನ ಅಂಚು ಹಿಡಿದು ಕುಳಿತುಬಿಟ್ಟೆ. ನನಗೆ ನನ್ನ ಮೇಲೇ ಹೇಸಿಗೆಯಾಯಿತು.

ಹೇಸಿಗೆಪಡಲು ಆಮೇಲೆ ಬೇಕಾದಷ್ಟು ಹೊತ್ತಿತ್ತು. ಹುಡುಗಿ ಸಿಗಬೇಕಿತ್ತು. ಕೆರೂರ ನಂಬರು ಪುಟದ ಮೇಲೆ ನೀಲಿ ಶಾಯಿಯಲ್ಲಿ ಕಣ್ಣಿಗೆ ಹೊಡೆಯುವಂತಿತ್ತು. ಎದ್ದೆ.

“ಈ ನಂಬರು ಯಾರಿಗರೆ ತೋರಿಸೀಯೇನು?”

“ಅವರಣ್ಣಗ ತೋರಸ್ದೆ ರಿ.”

“ಯಾರಿಗೆ?”

“ಸೋಮಲಿಂಗಗ. ಒಂದು ತಾಸಿನ ಹಿಂದ ಓಡಿ ಬಂದ. ‘ನಮ್ಮ ತಂಗಿ ಎಲ್ಲಿಗೆ ಫೋನ್ ಮಾಡ್ತಿದ್ಲು, ವಹಿ ತಗಿ’ ಅಂದ. ಒಡಹುಟ್ಟಿದಾಂವ ಕೇಳಿದ್ರ ಇಲ್ಲ ಅನ್ಲೇನ್ರಿ?”

ನನ್ನ ಕೈ ಹೆಗಲ ಮೇಲೆ ಹೋಯಿತು. ಅಂಗಿಯ ಮಡಿಕೆಯಲ್ಲಿ ಇನ್ನೂ ಮಣ್ಣಿತ್ತು. ಮಂಗ್ಯಾ ಅಲ್ಲ. ಮಾಳಿಗೆಯ ಮೇಲೆ ಕವುಚಿ ಮಲಗಿ, ಬೆಳಕಿಂಡಿಗೆ ಕಿವಿ ಕೊಟ್ಟು, ಸೋಮಲಿಂಗ ನನ್ನ ಗಟ್ಟಿ ದನಿಯನ್ನು ಒಂದಕ್ಷರ ಬಿಡದೆ ಕೇಳಿದ್ದ. ಅವನಿಗೆ ದಾರಿ ತೋರಿಸಿದವನು ನಾನು. ಆಮೇಲೆ ಪುರಾವೆ ಬೇಕೆಂದು ಬಜಾರಿನಲ್ಲಿ ಒಂದು ತಾಸು ಕುಳಿತು ಅವನಿಗೆ ಹೊತ್ತನ್ನೂ ಕೊಟ್ಟಿದ್ದೆ.

“ನಂಬರು ತಗೊಂಡು ಏನ್ ಮಾಡಿದ?”

“ಇಲ್ಲಿಂದನ ಫೋನ್ ಮಾಡಿದ್ರಿ. ಆಮ್ಯಾಲ ಗಾಡಿ ಹತ್ತಿ ಹ್ವಾದ.”

“ಏನು ಮಾತಾಡಿದ?”

“ಕಾಜಿನ ಒಳಗಿಂದು ಕೇಳ್ಸಂಗಿಲ್ಲಂತ ಹೇಳಿದ್ನಲ್ರಿ.”

“ಮಾರಿ ಹೆಂಗಿತ್ತು? ಎಷ್ಟು ನಿಮಿಷ? ಬರದಿರ್ತೀಯಲ್ಲ, ತಗಿ!”

ಹೊಳಬಸಪ್ಪ ವಹಿ ಮುಚ್ಚಿದ.

“ಗಂಡಸರದು ಬರಿಯಂಗಿಲ್ರಿ,” ಎಂದ.

ಅವನ ಕಪಾಳಕ್ಕೆ ಬಾರಿಸಲು ಎತ್ತಿದ ಕೈಯಿಂದ ವಹಿಯನ್ನೇ ಕಸಿದುಕೊಂಡು ಗಾಜಿನ ಡಬ್ಬಿಯೊಳಗೆ ನುಗ್ಗಿದೆ. ಬಾಗಿಲು ತಾನೇ ಮುಚ್ಚಿಕೊಂಡಿತು. ಒಳಗೆ ಉಸಿರುಗಟ್ಟುವ ಸೆಕೆ. ಅವಸರದಲ್ಲಿ ಒಂದು ಸಲ ತಪ್ಪು ನಂಬರು ಒತ್ತಿದೆ. ಮತ್ತೆ ಒತ್ತಿದೆ. ಆ ಕಡೆ ಗಂಟೆ ಬಾರಿಸಿತು. ಗಾಜಿನಾಚೆ ಹೊಳಬಸಪ್ಪ ಕುರ್ಚಿಯಲ್ಲಿ ಕುಳಿತು ನನ್ನ ಮುಖವನ್ನೇ ನೋಡುತ್ತಿದ್ದ.

“ಹಲೋ?” ಹೆಣ್ಣುದನಿ. ಎಳೆಯ ದನಿ. ಹಿಂದೆ ಹೊಲಿಗೆ ಮಿಷನ್ನಿನ ಗಿರ್ರೆನ್ನುವ ಸದ್ದು.

“ಯಾರವ್ವ ನೀ?”

“ಪ್ರಿಯದರ್ಶಿನಿ ರಿ. ಟೇಲರಿಂಗ್ ಕ್ಲಾಸು. ನೀವ್ಯಾರ್ರಿ?”

ಹನ್ನೊಂದು ನಿಮಿಷ ನಗಿಸಿದ ಆ ಪಾಪಿ ಇವಳು! ಕೆರೂರಿನಲ್ಲಿ ಹೊಲಿಗೆ ಕಲಿಸುವ ಒಬ್ಬ ಗೆಳತಿ.

“ನಾ ಇಳಕಲ್ಲಿಂದ, ಚೇತನಾ…”

“ಮತ್ತ ಫೋನ್ ಮಾಡಿದ್ರೇನ್ರಿ ಸೋಮಲಿಂಗಣ್ಣಾರ? ಕಾಳಜಿ ಮಾಡಬ್ಯಾಡ್ರಿ, ಅಕಿ ಆವಾಗ್ಲೇ ಹೊಂಟಳು. ಬದಾಮಿ ಬಸ್ಸಿಗೆ ನಾನ ಹತ್ತಿಸಿ ಬಂದೇನಿ. ನೀವು ಹೇಳಿದಂಗ ಅಲ್ಲಿ ಬಸ್ ಬದಲಿಸಿ ಶಿವಯೋಗ ಮಂದಿರದ ಹತ್ರ ಇಳದು, ಹೊಳಿ ದಂಡಿಗೆ ಬರ್ತಾಳ. ಅವ್ವನ್ನ ಕರಕೊಂಡು ಬರ್ತೀರಲ್ರಿ? ಅಕಿ ಅವ್ವನ್ನ ನೋಡಬೇಕಂತ ಭಾಳ ಅತ್ತಳ್ರಿ.”

ತೆರೆದ ಹೊರಬಾಗಿಲಿನಾಚೆ ರತ್ನವ್ವ ಕಾಣುತ್ತಿದ್ದಳು. ಕೈಯಲ್ಲಿ ಕೆಂಪು ಎಳೆ ಹಿಡಿದು ಹೊಸ್ತಿಲಿಗೆ ಬಂದು ಬೂತಿನ ಕಡೆ ನೋಡುತ್ತಿದ್ದಳು.

“ತಂಗೀ, ಹೊಳಿ ದಂಡಿ ಯಾಕ? ಮನಿಗೆ ಬಾ ಅನ್ನಲಿಲ್ಲ ಯಾಕ ಅಂವ?”

“ನೀವ ಅಲ್ರಿ ಹೇಳಿದ್ದು? ಓಣಿಗೆ ಬಂದ್ರ ಎಲ್ಲಾರೂ ನೋಡ್ತಾರ, ಅಲ್ಲಾದ್ರ ಯಾರೂ ನೋಡಂಗಿಲ್ಲ ಅಂತ.” ಅವಳ ದನಿ ತಡೆಯಿತು. ಮಿಷನ್ನು ನಿಂತಿತು. “ನೀವು ಸೋಮಲಿಂಗಣ್ಣ ಅಲ್ಲೇನು? ಯಾರು ಮಾತಾಡಾಕತ್ತೀರಿ?”

“ಹುಲ್ಲಪ್ಪ. ಹವಾಲ್ದಾರ ಹುಲ್ಲಪ್ಪ.”

“ಅಯ್ಯ, ಕಾಕಾರ!” ಅವಳು ಸಮಾಧಾನದ ಉಸಿರುಬಿಟ್ಟಳು. “ಭಾಳ ಹೆದರಿದ್ನಿ ನೋಡ್ರಿ. ಅಕಿ ಮೊದಲ ಒಲ್ಲೆ ಒಲ್ಲೆ ಅಂತ ಕುಂತಿದ್ಲು. ಅಣ್ಣನ ಮಾತು ನಂಬಂಗಿಲ್ಲ ಅಂದ್ಲು. ‘ಹುಲ್ಲಪ್ಪ ಕಾಕಾನೂ ನಮ್ಮ ಜೋಡಿ ಬರ್ತಾರ’ ಅಂತ ಅವರು ಹೇಳಿದ ಮ್ಯಾಲ ಎದ್ದು ಮಾರಿ ತೊಳಕೊಂಡು ಹೊಂಟಳ್ರಿ.”

ತಲೆಯ ಮೇಲೆ ಕೆಂಪು ಅಂಕಿ ಓಡುತ್ತಿತ್ತು.

“ಕಾಕಾರ?” ಎಂದಳು ಪ್ರಿಯದರ್ಶಿನಿ. “ಹಲೋ… ಕಾಕಾರ? ನೀವು ಅವರ ಜೋಡಿ ಇಲ್ಲೇನ್ರಿ?”